ತಿದ್ದಿದ ಅಂಕಿ

ಹವಾಮಾನ ಕಚೇರಿಯವರನ್ನು ಬೈಯದ ಊರಿಲ್ಲ. ಮಳೆ ಬರುತ್ತದೆ ಎಂದು ಹೇಳಿ ಬಾರದಿದ್ದರೆ ಒಂದು ಬೈಗುಳ, ಬರುವುದಿಲ್ಲ ಎಂದು ಹೇಳಿ ಬಂದರೆ ಎರಡು, ಹೇಳಿದಂತೆಯೇ ಬಂದರೆ 'ಅದೇನು ಮಹಾ, ನನ್ನ ಮೊಣಕಾಲೂ ನಿನ್ನೆಯಿಂದ ಅದನ್ನೇ ಹೇಳ್ತಿತ್ತು' ಎಂಬ ಉಡಾಫೆ. ಬಂದರಿನ ಬೀದಿಯ ಆ ಎರಡಂತಸ್ತಿನ ಕಚೇರಿಯ ಮುಖ್ಯಸ್ಥರಂತೂ ತಾವೇ ಸಹಿ ಹಾಕಿದ ಮುನ್ಸೂಚನೆಯನ್ನು ನಂಬದೆ ವರ್ಷದ ಮುನ್ನೂರರವತ್ತೈದು ದಿನವೂ ಛತ್ರಿ ಹಿಡಿದೇ ಬರುತ್ತಿದ್ದರು. ಹಾಗಾಗಿ ಎಲ್ಲರ ಬಾಯಲ್ಲೂ ಅವರು ಛತ್ರಿ ಸಾಹೇಬರು.

ಅವರ ಕೈಕೆಳಗೆ ನಕ್ಷೆ ಬರೆಯುತ್ತಿದ್ದವಳು ಗೆರೆಯಮ್ಮ. ಅಮ್ಮ ಎನಿಸಿಕೊಳ್ಳುವಷ್ಟು ವಯಸ್ಸೇನೂ ಆಗಿರಲಿಲ್ಲ, ಮೂವತ್ತನಾಲ್ಕು. ಆದರೆ ಬೆಳಿಗ್ಗೆ ಎಂಟೂವರೆಗೆ ನಲವತ್ತು ಠಾಣೆಗಳಿಂದ ಫೋನಿನಲ್ಲಿ ಬರುವ ಅಂಕಿಗಳನ್ನು ದೊಡ್ಡ ಹಾಳೆಯ ಮೇಲೆ ತುಂಬಿ, ಗಾಳಿಯ ಒತ್ತಡ ಒಂದೇ ಇರುವ ಜಾಗಗಳನ್ನೆಲ್ಲ ಸೇರಿಸುತ್ತ ಅವಳು ಪೆನ್ಸಿಲ್ ಎಳೆಯುವುದನ್ನು ನೋಡಿದವರಿಗೆ ಬೇರೆ ಹೆಸರು ಹೊಳೆಯುವಂತಿರಲಿಲ್ಲ. ಎಲ್ಲೂ ತಡವರಿಸದ, ನಡುಗದ ಗೆರೆ. ಅದಾದ ಮೇಲೆ ತಣ್ಣನೆ ಗಾಳಿಯ ಅಂಚಿಗೆ ನೀಲಿ, ಬೆಚ್ಚನೆ ಗಾಳಿಯ ಅಂಚಿಗೆ ಕೆಂಪು. ಹತ್ತು ಗಂಟೆಗೆ ಬಂದರಿನ ಕಂಬಕ್ಕೆ ಬಾವುಟ ಏರುತ್ತಿತ್ತು. ಹಳದಿ ಏರಿದರೆ ದೋಣಿಗಳು ಹೊರಡಬಹುದು, ಕೆಂಪು ಏರಿದರೆ ಹೊರಡುವಂತಿಲ್ಲ. ಯಾವ ಬಾವುಟ ಎಂಬುದು ಅವಳ ನಕ್ಷೆ ಹೇಳಿದಂತೆ.

ಆ ನಲವತ್ತು ಠಾಣೆಗಳಲ್ಲಿ ಒಂದು ಅವಳ ಮನೆಯೇ ಆಗಿತ್ತು. ಬಂದರಿನಾಚೆ ಸಮುದ್ರದೊಳಕ್ಕೆ ಚಾಚಿಕೊಂಡ ಗುಡ್ಡದ ತುದಿಯಲ್ಲಿ ಒಂದು ಮನೆ, ಮನೆಗೆ ಅಂಟಿಕೊಂಡು ಉಪಕರಣಗಳ ಕೋಣೆ, ಕೋಣೆಯ ಗೋಡೆಯಲ್ಲಿ ಪಾದರಸದ ಉದ್ದನೆಯ ಕೊಳವೆ. ಆ ಕೊಳವೆಯನ್ನು ದಿನಕ್ಕೆ ಎರಡು ಸಲ ಓದುವುದು ಅವಳ ಅಪ್ಪನ ಕೆಲಸ. ಮೂವತ್ತೆಂಟು ವರ್ಷದಲ್ಲಿ ಒಂದು ಹೊತ್ತೂ ತಪ್ಪಿಸಿದವನಲ್ಲ. ಅಮ್ಮ ತೀರಿಕೊಂಡಿದ್ದು ಬೆಳಿಗ್ಗೆ ಏಳಕ್ಕೆ. ಎಂಟೂವರೆಗೆ ಎದ್ದು ಹೋಗಿ ಒತ್ತಡ ಓದಿ, ಫೋನು ಮಾಡಿ, ಮತ್ತೆ ಬಂದು ಹೆಂಡತಿಯ ತಲೆಯ ಬಳಿ ಕೂತಿದ್ದ. ಎಂಥ ಕಲ್ಲೆದೆ ಎಂದು ನೆಂಟರು ಪಿಸುಗುಟ್ಟಿದ್ದರು. ಹನ್ನೆರಡು ವರ್ಷದ ಮಗಳಿಗೂ ಹಾಗೇ ಅನ್ನಿಸಿತ್ತು. ಆ ಹೊತ್ತಿನಲ್ಲಿ ಅವನಿಗೆ ಹಿಡಿದು ನಿಲ್ಲಲು ಅದೊಂದೇ ಇದ್ದದ್ದು ಎಂದು ಅವಳಿಗೆ ಅರ್ಥವಾಗಲು ಎಷ್ಟೋ ವರ್ಷ ಬೇಕಾಯಿತು.

ಫೋನಿನಲ್ಲಿ ಮಾತ್ರ ಅಪ್ಪ ಮಗಳ ಸಂಬಂಧವಿಲ್ಲ. "ಗುಡ್ಡದ ಠಾಣೆ, ಮೇಡಂ. ಬರ್ಕೊಳ್ಳಿ" ಎನ್ನುವನು. "ಹೇಳಿ ಸರ್" ಎನ್ನುವಳು. ಒಮ್ಮೆ ಅದೇ ಗಂಭೀರ ದನಿಯಲ್ಲಿ, "ಗಾಳಿ ವಾಯವ್ಯ, ಮೋಡ ಮೂರು ಪಾಲು, ಊಟದ ಡಬ್ಬಿ ಮನೇಲೇ ಬಿಟ್ಟು ಹೋಗಿದೀರಿ ಮೇಡಂ" ಎಂದಿದ್ದ. ಅವಳು ಅರ್ಧ ಬರೆದುಕೊಂಡ ಮೇಲೆ ನಗು ತಡೆಯಲಾರದೆ ಫೋನು ಇಟ್ಟಿದ್ದಳು.

ಮದುವೆಯಾಗಿ ಎರಡೇ ವರ್ಷಕ್ಕೆ ಅವಳು ಪೆಟ್ಟಿಗೆ ಹಿಡಿದು ಗುಡ್ಡ ಹತ್ತಿ ಬಂದಾಗಲೂ ಅಪ್ಪ ಯಾಕೆ, ಏನು ಎಂದು ಕೇಳಿರಲಿಲ್ಲ. ಕೇಳಿದವರು ಕೆಳಗಿನ ಬೀದಿಯವರು. ಅವರಿಗೆಲ್ಲ ಅವನದು ಒಂದೇ ಉತ್ತರ: "ನಾನೇ ಹಟ ಮಾಡಿ ಕರೆಸ್ಕೊಂಡೆ ಕಣ್ರೀ. ಒಬ್ಬನಿಗೇ ಬೇಯಿಸ್ಕೊಂಡು ತಿನ್ನೋಕೆ ನನಗೆ ಬರಲ್ಲ. ಮುದುಕನ ಸ್ವಾರ್ಥ." ಅಡುಗೆಯಲ್ಲಿ ಅವನ ಕೈಗೆ ಮಗಳ ಕೈ ಯಾವತ್ತೂ ಸಮನಾಗಲಿಲ್ಲ. ಆದರೂ ಊರು ಮಗಳನ್ನು ಬಿಟ್ಟು ಮುದುಕನನ್ನೇ ಆಡಿಕೊಂಡಿತು. ಅವನಿಗೆ ಬೇಕಾಗಿದ್ದೂ ಅದೇ.

ಅವನ ಕಣ್ಣು ಮಂಜಾಗತೊಡಗಿದ್ದು ನಿವೃತ್ತಿಗೆ ಇನ್ನು ಹನ್ನೊಂದು ತಿಂಗಳಿದ್ದಾಗ. ಒಂದು ದಿನ ಅವನು ಹೇಳಿದ ಒತ್ತಡ ಅಕ್ಕಪಕ್ಕದ ಠಾಣೆಗಳಿಗಿಂತ ಸರಿಯಾಗಿ ಹತ್ತು ಹೆಚ್ಚಿತ್ತು. ಗೆರೆಯಮ್ಮ ನಿಯಮದಂತೆ ಮರುಫೋನು ಮಾಡಿ ಕೇಳಿದಳು. ಅವನು ಹೋಗಿ ನೋಡಿ ಬಂದು, "ತಪ್ಪಾಯ್ತು ಮೇಡಂ, ಹತ್ತು ಕಳೀರಿ" ಎಂದ. ಮುಂದಿನ ತಿಂಗಳು ಹತ್ತು ಕಡಿಮೆ. ಮತ್ತೆ ಮರುಫೋನು. ಎರಡೂ ದಾಖಲೆ ಪುಸ್ತಕಕ್ಕೆ ಹೋದವು. ವರ್ಷದಲ್ಲಿ ಮೂರು ಸಲ ಹಾಗಾದರೆ ಓದುವವನಿಗೆ ಕಣ್ಣಿನ ಪರೀಕ್ಷೆ. ಅದರಲ್ಲಿ ಅಪ್ಪ ಪಾಸಾಗುವುದಿಲ್ಲ ಎಂದು ಅವಳಿಗೆ ಗೊತ್ತಿತ್ತು. ಮೂವತ್ತೆಂಟು ವರ್ಷ ದುಡಿದವನನ್ನು ಉಳಿದ ಕೆಲವು ತಿಂಗಳಿಗೋಸ್ಕರ ಕುರುಡ ಎಂದು ಹೇಳಿ ಕಳಿಸುತ್ತಾರೆ. ಹಾಗಾಗಿ ಮೂರನೆಯ ಸಲ ಹತ್ತು ಹೆಚ್ಚುಕಡಿಮೆಯಾದಾಗ ಅವಳು ಫೋನು ಮಾಡಲಿಲ್ಲ. ತಾನೇ ತಿದ್ದಿಕೊಂಡು ಬರೆದಳು. ಸಂಜೆ ಮನೆಗೆ ಹೋಗಿ ಮೆಲ್ಲಗೆ ವಿಚಾರಿಸಿದರೆ, ತಿದ್ದಿದ್ದೇ ಸರಿಯಾಗಿತ್ತು. ಯಾರಿಗೂ ತೊಂದರೆಯಾಗಲಿಲ್ಲ, ಅಪ್ಪನ ಮಾನವೂ ಉಳಿಯಿತು. ಆ ರಾತ್ರಿ ಅವಳು ನೆಮ್ಮದಿಯಾಗಿ ನಿದ್ದೆ ಮಾಡಿದಳು.

ಗಾಳಿಯ ಪಾಠವನ್ನು ಅವಳಿಗೆ ಹೇಳಿಕೊಟ್ಟವನು ಅಪ್ಪನೇ. ಕಚೇರಿಯಲ್ಲಿ ಫ್ರಂಟ್ ಎನ್ನುವುದನ್ನು ಅವನು ಗಡಿ ಎನ್ನುತ್ತಿದ್ದ. "ತಣ್ಣನೆ ಗಾಳೀನೂ ಬೆಚ್ಚನೆ ಗಾಳೀನೂ ನೀರು ಹಾಲು ಥರ ಬೆರೆಯಲ್ಲ ಪುಟ್ಟೀ. ಒಂದೇ ಅಡುಗೆಮನೆಗೆ ಇಬ್ಬರು ಯಜಮಾನಿಯರು ಬಂದ ಹಾಗೆ. ಎದುರಾದ ಕಡೇಲೇ ಪಾತ್ರೆ ಸದ್ದು ಮಾಡೋದು. ತಣ್ಣಂದು ಭಾರ, ನೆಲ ಬಿಡಲ್ಲ. ಬೆಚ್ಚಂದು ಹಗುರ, ಅದರ ಮೇಲೆ ಹತ್ತತ್ತೆ. ಹತ್ತಿದ್ದೇ ಮೋಡ, ಹತ್ತಿದ್ದೇ ಮಳೆ." ಆಮೇಲೆ ಬೆರಳೆತ್ತಿ ಸೇರಿಸುತ್ತಿದ್ದ: "ಸದ್ದು ಮಾಡೋ ಗಡಿಗೆ ಹೆದರಬೇಡ. ಸುಮ್ಮನೆ ಕೂತಿದೆಯಲ್ಲ, ಅದಕ್ಕೆ ಹೆದರು."

ಅಂಕಿ ತಿದ್ದಿ ಕೆಲವು ವಾರಗಳಾದ ಮೇಲೆ ಒಂದು ದಿನ, ಅಂಥದೇ ಒಂದು ಗಡಿ ಹಿಂದಿನ ಸಂಜೆಯಿಂದ ಸಮುದ್ರದ ಮೇಲೆ ಕಾಲು ಚಾಚಿ ಮಲಗಿತ್ತು. ಬಡಗಣದ ತಣ್ಣನೆ ಗಾಳಿ ಒಂದು ಕಡೆ, ತೆಂಕಣ ಕಡಲಿನ ಬೆಚ್ಚನೆಯ ಒದ್ದೆ ಗಾಳಿ ಇನ್ನೊಂದು ಕಡೆ. ಇದೂ ಜರುಗದು, ಅದೂ ಜರುಗದು. ಇಂಥ ಗಡಿಯಲ್ಲಿ ಎಲ್ಲೋ ಒಂದೆಡೆ ಬೆಚ್ಚನೆ ಗಾಳಿ ಮೂಗು ತೂರಿಸಿ ಮೇಲೇರಿದರೆ ಸಾಕು, ಕೆಳಗೆ ಒತ್ತಡ ಕುಸಿಯುತ್ತದೆ, ಆ ಖಾಲಿ ತುಂಬಲು ಸುತ್ತಲಿನ ಗಾಳಿ ನುಗ್ಗಿ ತಿರುಗತೊಡಗುತ್ತದೆ. ಬೆಳಿಗ್ಗೆ ನಕ್ಷೆಯಲ್ಲಿ ಬೆರಳಿನ ಉಗುರಿನಷ್ಟಿದ್ದ ಸುಳಿ ಮಧ್ಯಾಹ್ನಕ್ಕೆ ಬಿರುಗಾಳಿ. ಇದನ್ನೆಲ್ಲ ಗೆರೆಯಮ್ಮ ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ಹೇಳುತ್ತಿದ್ದಳು.

"ಗುಡ್ಡದ ಠಾಣೆ, ಮೇಡಂ. ಒತ್ತಡ ಒಂಬೈನೂರ ತೊಂಬತ್ತಾರು."

"ಎಷ್ಟಂದ್ರಿ ಸರ್?"

"ಒಂಬೈನೂರ ತೊಂಬತ್ತಾರು. ಗಾಳಿ ಆಗ್ನೇಯಕ್ಕೆ ತಿರುಗಿದೆ. ಪಾದರಸ ಒಂದು ಕಡೆ ನಿಲ್ತಿಲ್ಲ, ಕುಣೀತಾ ಇದೆ."

ತೆಂಕಣ ಠಾಣೆ ಸಾವಿರದ ಆರು ಎಂದಿತ್ತು. ಬಡಗಣದ್ದು ಸಾವಿರದ ಏಳು. ನಡುವೆ ಗುಡ್ಡ ಒಂದೇ ತೊಂಬತ್ತಾರು! ಮತ್ತೆ ಅದೇ ಹತ್ತು. ಕುಣಿಯುತ್ತಿರುವುದು ಪಾದರಸವಲ್ಲ, ಅಪ್ಪನ ಕಣ್ಣು ಎಂದುಕೊಂಡಳು. ಮರುಫೋನು ಮಾಡಿದರೆ ಅದು ಮೂರನೆಯದು. ಪಕ್ಕದ ಮೇಜಿನಲ್ಲಿ ಛತ್ರಿ ಸಾಹೇಬರು ಕನ್ನಡಕ ಒರೆಸುತ್ತ ಕೂತಿದ್ದರು. ಅವಳು ಹಾಳೆಯ ಮೇಲೆ ಸಾವಿರದ ಆರು ಎಂದು ಬರೆದು ಗೆರೆ ಎಳೆದಳು. ಗೆರೆ ಎಲ್ಲೂ ತಡೆಯದೆ ನುಣುಪಾಗಿ ಹರಿದು ಹೋಯಿತು. "ಚೆನ್ನಾಗಿ ಬಂದಿದೆಯಮ್ಮ" ಎಂದು ಸಾಹೇಬರು ಸಹಿ ಹಾಕಿದರು. ಹತ್ತಕ್ಕೆ ಹಳದಿ ಏರಿತು.

ಒಂದೂವರೆಗೆ ಕಚೇರಿಯ ಕಿಟಕಿ ತನ್ನಷ್ಟಕ್ಕೆ ಬಡಿದುಕೊಂಡಿತು. ಗೆರೆಯಮ್ಮ ತಲೆಯೆತ್ತಿ ನೋಡಿದರೆ ಗುಡ್ಡದ ಹಿಂದಿನ ಆಕಾಶ ಹಳೆಯ ಗಾಯದ ಬಣ್ಣಕ್ಕೆ ತಿರುಗಿತ್ತು. ಕಚೇರಿಯ ಗೋಡೆಯ ಕೊಳವೆಯಲ್ಲಿ ಪಾದರಸ ಕಣ್ಣೆದುರೇ ಇಳಿಯುತ್ತಿತ್ತು, ಇಳಿಯುತ್ತಲೇ ಕುಣಿಯುತ್ತಿತ್ತು. ಬಂದರಿಗೆ ಫೋನು ಮಾಡಿ ಕೆಂಪು ಏರಿಸಲು ಹೇಳಿ, ನಕ್ಷೆಯ ಮುಂದೆ ಕೂತು ಗುಡ್ಡದ ಅಂಕಿಯನ್ನು ಅಳಿಸಿ ತೊಂಬತ್ತಾರು ಎಂದು ಬರೆದಳು. ಗೆರೆಗಳನ್ನು ಮತ್ತೆ ಎಳೆದಳು. ಗುಡ್ಡದ ಸುತ್ತ ಒಂದು ಸಣ್ಣ ಉಂಗುರ ತಾನಾಗಿ ಮೂಡಿತು, ಗಡಿಯಲ್ಲಿ ಒಂದು ಮಡಿಕೆ ಬಿತ್ತು. ಎಲ್ಲವೂ ಬೆಳಿಗ್ಗೆಯೇ ಅಲ್ಲಿತ್ತು. ಚಿಕ್ಕ ಮಕ್ಕಳಿಗೂ ಕಾಣುವಷ್ಟು ಸ್ಪಷ್ಟವಾಗಿತ್ತು.

ಮೆಟ್ಟಿಲ ಮೇಲೆ ಸಾಹೇಬರ ಛತ್ರಿಯ ಟಕ್ ಟಕ್ ಕೇಳಿಸಿತು. ಗೆರೆಯಮ್ಮ ರಬ್ಬರ್ ತೆಗೆದುಕೊಂಡು ಉಂಗುರ ಅಳಿಸಿ, ಸಾವಿರದ ಆರನ್ನೇ ಮತ್ತೆ ಬರೆದುಬಿಟ್ಟಳು. ಬೆಳಿಗ್ಗೆ ಬರೆದದ್ದು ಪ್ರೀತಿಯಿಂದ. ಈ ಸಲ ಬರೆದದ್ದು ಹೆದರಿಕೆಯಿಂದ. ಆ ವ್ಯತ್ಯಾಸ ಅವಳಿಗೆ ಆಗಲೇ, ರಬ್ಬರಿನ ಪುಡಿ ಊದುವಾಗಲೇ ಗೊತ್ತಿತ್ತು.

ಹತ್ತೊಂಬತ್ತು ದೋಣಿಗಳು ಹೇಗೋ ವಾಪಸಾದವು. ಇಪ್ಪತ್ತನೆಯದು ಬರಲಿಲ್ಲ. ಅದರಲ್ಲಿದ್ದವರು ಬಲೆಗಾರ ಮತ್ತು ಅವನ ಇಬ್ಬರು ತಮ್ಮಂದಿರು. ಬಲೆಗಾರ ಅಪ್ಪನ ಗೆಳೆಯ, ಇಪ್ಪತ್ತು ವರ್ಷದಿಂದ ಭಾನುವಾರಗಳಲ್ಲಿ ಗುಡ್ಡ ಹತ್ತಿ ಬಂದು ಚದುರಂಗದಲ್ಲಿ ಸೋತು, ಮೋಸ ಮೋಸ ಎಂದು ಕೂಗಾಡಿ ಇಳಿದು ಹೋಗುತ್ತಿದ್ದವನು.

ಸಂಜೆ ಅವಳು ಮನೆ ಸೇರಿದಾಗ ಅಪ್ಪ ಒದ್ದೆ ಬಟ್ಟೆಯಲ್ಲೇ ಕೂತಿದ್ದ. ಮುಂದೆ ಠಾಣೆಯ ರಿಜಿಸ್ಟರ್ ತೆರೆದಿತ್ತು. ಅವನ ದಪ್ಪ ಅಕ್ಷರದ ಒಂಬೈನೂರ ತೊಂಬತ್ತಾರು ಬಾಗಿಲಿನಿಂದಲೇ ಕಾಣಿಸುತ್ತಿತ್ತು.

"ಹತ್ತು ಗಂಟೆಗೆ ನಾನು ಕೆಳಗೆ ಹೋಗಿದ್ದೆ" ಎಂದ ಅಪ್ಪ. "ಬೇಡ ಕಣೋ, ಪಾದರಸ ಸರಿ ಇಲ್ಲ ಅಂತ ಬಲೆಗಾರನಿಗೆ ಹೇಳ್ದೆ. ಅವನು ಕಂಬ ತೋರಿಸಿ ನಕ್ಕ. ನಿನ್ನ ಮಗಳೇ ಹಳದಿ ಏರ್ಸಿದಾಳಲ್ಲೋ, ನಿನ್ನ ಒಂದು ಕೊಳವೆ ದೊಡ್ಡದಾ, ಅವಳ ನಲವತ್ತು ಕೊಳವೆ ದೊಡ್ಡದಾ ಅಂದ. ನನಗೂ ಹೌದು ಅನ್ನಿಸ್ತು. ಸುಮ್ಮನಾದೆ." ರಿಜಿಸ್ಟರ್ ಮೇಲೆ ಬೆರಳಿಟ್ಟು ಕೇಳಿದ: "ಪುಟ್ಟೀ, ಬೆಳಿಗ್ಗೆ ಫೋನಲ್ಲಿ ನಾನು ಎಷ್ಟು ಅಂದೆ?"

ನಿಜ ಹೇಳಲು ಅವನೇ ಬಾಗಿಲು ತೆರೆದಿಟ್ಟು ಕೇಳಿದ್ದ, ಒಳಗೆ ಬರುವುದಷ್ಟೇ ಅವಳ ಕೆಲಸವಾಗಿತ್ತು.

"ಸಾವಿರದ ಆರು" ಎಂದಳು.

ಅಪ್ಪ ಅವಳನ್ನೇ ನೋಡಿದ. ಆಮೇಲೆ, "ಹೌದಾ" ಎಂದು ಹೇಳಿ ರಿಜಿಸ್ಟರ್ ಮುಚ್ಚಿದ.

ಮೂರನೆಯ ದಿನ ವಿಚಾರಣೆಗೆ ಬರುವವರಿದ್ದರು. ಬೆಳಿಗ್ಗೆ ಅವಳು ಎದ್ದು ಬಂದಾಗ ಅಪ್ಪ ಕಿಟಕಿಯ ಬೆಳಕಿಗೆ ರಿಜಿಸ್ಟರ್ ಹಿಡಿದು, ಗಡ್ಡ ಹೆರೆಯುವ ಬ್ಲೇಡಿನಿಂದ ಏನನ್ನೋ ಕೆರೆಯುತ್ತಿದ್ದ. ಮೂಗು ಕಾಗದಕ್ಕೆ ತಾಗುವಷ್ಟು ಹತ್ತಿರವಿತ್ತು. ಎರಡೂ ಒಂಬತ್ತುಗಳು ಪುಡಿಯಾಗಿ ಅವನ ಮಡಿಲಿಗೆ ಉದುರುತ್ತಿದ್ದವು. ಅವನು ತಲೆಯೆತ್ತಲಿಲ್ಲ.

"ಎದ್ದೆಯಾ ಪುಟ್ಟೀ? ಒಂದು ಲೋಟ ಟೀ ಮಾಡು."

ಒಂದು ಮಾತು ಆಡಬಹುದಿತ್ತು. ಬ್ಲೇಡು ಕಿತ್ತುಕೊಳ್ಳಬಹುದಿತ್ತು. ಅವಳು ಒಳಗೆ ಹೋಗಿ ಟೀ ಮಾಡಿದಳು. ಅವನಿಗೆ ಇಷ್ಟವಾಗುವ ಹಾಗೆ ಸಕ್ಕರೆ ಒಂದು ಚಮಚ ಹೆಚ್ಚೇ ಹಾಕಿದಳು.

ಛತ್ರಿ ಸಾಹೇಬರು ಇನ್ನಿಬ್ಬರು ಅಧಿಕಾರಿಗಳೊಂದಿಗೆ ಏದುಸಿರು ಬಿಡುತ್ತ ಗುಡ್ಡ ಹತ್ತಿ ಬಂದು ರಿಜಿಸ್ಟರ್ ನೋಡಿದರು. "ಇಲ್ಲೇನೋ ಕೆರೆದಿದೆಯಲ್ಲ?"

"ಶಾಯಿ ಚೆಲ್ಲಿತ್ತು ಸಾಹೇಬ್ರೇ. ಮೇಲೆ ಮತ್ತೆ ಬರೆದೆ. ಕಣ್ಣು ಮಂಜು. ತೊಂಬತ್ತಾರು ಇದ್ದಿರಬೇಕು, ನಾನು ಸಾವಿರದ ಆರು ಅಂತ ಓದಿದೆ. ಹಾಗೇ ಬರೆದೆ, ಹಾಗೇ ಹೇಳಿದೆ. ಹಿಂದೆಯೂ ಎರಡು ಸಲ ಹೀಗಾಗಿದೆ, ನಿಮ್ಮ ಪುಸ್ತಕದಲ್ಲೇ ಇದೆ ನೋಡಿ."

ಸಾಹೇಬರು ಗೆರೆಯಮ್ಮನ ಕಡೆ ತಿರುಗಿದರು. "ನೀನು ಕೇಳಿಸ್ಕೊಂಡಿದ್ದೂ ಅದೇನಾ?"

"ಹೌದು ಸರ್."

ಅಲ್ಲಿಗೆ ಮುಗಿಯಿತು. ನಕ್ಷೆಯೂ ರಿಜಿಸ್ಟರೂ ಒಂದನ್ನೇ ಹೇಳುತ್ತಿದ್ದವು, ಇಬ್ಬರ ಬಾಯೂ ಒಂದನ್ನೇ ಹೇಳಿತು. ಅಪ್ಪನನ್ನು ಆ ವಾರವೇ ಕೆಲಸದಿಂದ ಇಳಿಸಿದರು. ಹಾರ ತುರಾಯಿ ಇರಲಿ, ಒಬ್ಬರೂ ಬಂದು ಕೈಕುಲುಕಲಿಲ್ಲ. ಗುಡ್ಡದ ಕೋಣೆಗೆ ತಾನೇ ಓದಿ ತಾನೇ ಕಳಿಸುವ ಯಂತ್ರವೊಂದು ಬಂತು. ಅಪ್ಪ ಮಗಳು ಬಂದರಿನ ಬೀದಿಯ ಎರಡು ಕೋಣೆಯ ಬಾಡಿಗೆ ಮನೆಗೆ ಇಳಿದು ಬಂದರು. ಮೂವರನ್ನು ತಿಂದ ಕಣ್ಣು ಎಂದು ಬೀದಿಯವರು ಅವನ ಬೆನ್ನ ಹಿಂದೆ ಆಡಿಕೊಂಡರು, ಕೆಲವರು ಎದುರಿಗೂ. ಗೆರೆಯಮ್ಮ ಪ್ರತಿದಿನ ಆ ಮಾತು ಕೇಳಿಸಿಕೊಂಡೇ ಕಚೇರಿಗೆ ಹೋಗಿ ನಲವತ್ತು ಅಂಕಿ ಬರೆದುಕೊಂಡಳು. ಯಾವುದಾದರೂ ಠಾಣೆ ಸ್ವಲ್ಪ ಬೇರೆ ಹೇಳಿದರೂ ಎರಡು ಸಲ, ಮೂರು ಸಲ ಮರುಫೋನು ಮಾಡುತ್ತಿದ್ದಳು. ಗೆರೆಯಮ್ಮನಿಗೆ ಗೀಳು ಹಿಡಿದಿದೆ ಎಂದು ಠಾಣೆಯವರು ನಗುತ್ತಿದ್ದರು. ಅವಳ ಗೆರೆ ಮೊದಲಿನ ಹಾಗೆ ಹರಿಯಲೇ ಇಲ್ಲ.

ಅಪ್ಪ ಕೆಲಸ ಹೋದ ಮರುದಿನದಿಂದಲೇ ಬಲೆಗಾರನ ಮನೆಯ ಮುಂದೆ ಹೋಗಿ ಕೂರತೊಡಗಿದ. ಬಲೆಗಾರನ ಹೆಂಡತಿ ಬಾಗಿಲು ಮುಚ್ಚಿಕೊಂಡಳು. ಅವನು ನಾಲ್ಕು ತಿಂಗಳು ಮುಚ್ಚಿದ ಬಾಗಿಲ ಮುಂದೆಯೇ ಕೂತು, ಅಂಗಳದಲ್ಲಿ ಬಿದ್ದಿದ್ದ ಹರಿದ ಬಲೆ ಎಳೆದುಕೊಂಡು ಗಂಟು ಹಾಕುತ್ತಿದ್ದ. ಐದನೆಯ ತಿಂಗಳು ಅವಳು ಒಂದು ಮಣೆ ತಂದು ಹಾಕಿದಳು. ಕಾಣದ ಕಣ್ಣಿನಲ್ಲಿ ಹಾಕಿದ ಗಂಟು ನೆಟ್ಟಗಿರುತ್ತದೆಯೇ? ಅವನು ಮನೆಗೆ ಹೋದ ಮೇಲೆ ಅವಳು ಎಲ್ಲವನ್ನೂ ಬಿಚ್ಚಿ ಬೇರೆ ಹಾಕುತ್ತಿದ್ದಳು. ಅವನಿಗೆ ಒಂದು ದಿನವೂ ಹೇಳಲಿಲ್ಲ.

ಹೀಗೆ ಎರಡು ವರ್ಷ ಕಳೆಯಿತು. ಒಂದು ಚಳಿಗಾಲದಲ್ಲಿ ಕಫ ಕಟ್ಟಿ ಅಪ್ಪ ಹಾಸಿಗೆ ಹಿಡಿದ. ವೈದ್ಯರು ಬಂದು ನೋಡಿ ಅವಳನ್ನು ಹೊರಗೆ ಕರೆದು ಮಾತಾಡಿದ ಬೆಳಿಗ್ಗೆ, ಅವಳು ಅವನ ಕೈ ಹಿಡಿದು ಕೂತು, "ಅಪ್ಪಾ, ಆವತ್ತು ಫೋನಲ್ಲಿ…" ಎಂದು ಶುರು ಮಾಡಿದಳು.

"ಎಂಟೂವರೆ ಆಯ್ತಾ?" ಎಂದ ಅಪ್ಪ. "ಗಾಳಿ ಯಾವ ಕಡೆಯಿಂದ ಬರ್ತಿದೆ, ನೋಡ್ಕೊಂಡು ಬಾ."

ಅವಳು ಎದ್ದು ಹೊರಗೆ ಹೋಗಿ ನೋಡಿ ಬಂದಳು. "ವಾಯವ್ಯ."

"ಹಾಗಾದ್ರೆ ಗಡಿ ದಾಟಿ ಹೋಯ್ತು. ಇನ್ನು ತಿಳಿಯಾಗತ್ತೆ ಮೇಡಂ" ಎಂದು ಕಣ್ಣು ಮುಚ್ಚಿಕೊಂಡ. ಎರಡು ದಿನಕ್ಕೆ ತೀರಿಕೊಂಡ. ಅಂತ್ಯಕ್ರಿಯೆಗೆ ಬಂದವರು ಬೆರಳೆಣಿಕೆಯಷ್ಟು ಜನ.

ಹದಿನೈದು ದಿನ ಬಿಟ್ಟು ಗೆರೆಯಮ್ಮ ಛತ್ರಿ ಸಾಹೇಬರ ಮುಂದೆ ನಿಂತು ಎಲ್ಲವನ್ನೂ ಹೇಳಿದಳು. ಅವರು ಪೂರ್ತಿ ಕೇಳಿಸಿಕೊಂಡರು. ಎದ್ದು ಹೋಗಿ ಹಳೆಯ ನಕ್ಷೆಯನ್ನೂ ರಿಜಿಸ್ಟರನ್ನೂ ತಂದು ಅವಳ ಮುಂದೆ ಬಿಡಿಸಿಟ್ಟರು. ಎರಡರಲ್ಲೂ ಸಾವಿರದ ಆರು.

"ತಂದೆ ಹೋದ ದುಃಖದಲ್ಲಿ ಏನೇನೋ ಅನ್ನಿಸುತ್ತಮ್ಮ" ಎಂದರು. "ಅವರ ಹೆಸರು ಉಳಿಸ್ಬೇಕು ಅಂತ ನಿನ್ನ ಹೆಸರು ಕೆಡಿಸ್ಕೋಬೇಡ. ಹೋಗು, ಒಂದು ವಾರ ರಜೆ ತಗೋ."

"ನಿಜ ಹೇಳ್ತಿದೀನಿ ಸರ್."

"ಗೊತ್ತಮ್ಮ, ಗೊತ್ತು" ಎನ್ನುತ್ತ ಅವರು ರಜೆ ಅರ್ಜಿಯನ್ನು ತಾವೇ ಬರೆದುಕೊಟ್ಟರು. ಹೊರಗೆ ಬಿಸಿಲಿತ್ತು. ಆದರೂ ಬಾಗಿಲವರೆಗೆ ಬಂದು ತಮ್ಮ ಛತ್ರಿಯನ್ನು ಅವಳ ಕೈಗಿಟ್ಟರು.

ಅಲ್ಲಿಂದ ಅವಳು ನೇರವಾಗಿ ಬಲೆಗಾರನ ಮನೆಗೆ ನಡೆದಳು. ಸಾಹೇಬರು ನಂಬದಿದ್ದರೆ ಬೇಡ, ನಂಬಬೇಕಾದವಳು ಅವನ ಹೆಂಡತಿ. ಬೈಯಲಿ, ಬಾಗಿಲು ಮುಚ್ಚಲಿ, ಹೊಡೆದರೂ ಹೊಡೆಯಲಿ, ಅಪ್ಪ ನಾಲ್ಕು ತಿಂಗಳು ಕೂತ ಜಾಗದಲ್ಲಿ ತಾನು ನಲವತ್ತು ವರ್ಷ ಕೂರುತ್ತೇನೆ ಎಂದುಕೊಂಡೇ ಹೋದಳು. ಬಲೆಗಾರನ ಹೆಂಡತಿ ಅಂಗಳದಲ್ಲಿ ಬಲೆಯ ಗಂಟು ಬಿಚ್ಚುತ್ತಿದ್ದಳು. ಅಪ್ಪನ ಮಣೆ ಅಲ್ಲೇ ಇತ್ತು.

"ನಿಮ್ಮನೆಯವರು ಹೋಗಿದ್ದು ಅಪ್ಪನಿಂದ ಅಲ್ಲ" ಎಂದಳು ಗೆರೆಯಮ್ಮ, ನಿಂತಲ್ಲೇ. "ಅಪ್ಪ ಸರಿಯಾಗೇ ಓದಿದ್ದ, ಸರಿಯಾಗೇ ಹೇಳಿದ್ದ. ತೊಂಬತ್ತಾರು ಅಂದಿದ್ದ. ನಾನು ತಿದ್ದಿದೆ. ಆಮೇಲೆ ಸುಳ್ಳು ಹೇಳಿದೆ. ಅವರನ್ನ ಕೊಂದಿದ್ದು ನಾನು."

ಬಲೆಗಾರನ ಹೆಂಡತಿಯ ಕೈ ನಿಂತಿತು. ಅವಳು ಬಹಳ ಹೊತ್ತು ಗೆರೆಯಮ್ಮನ ಮುಖ ನೋಡಿದಳು. ಆ ಮುಖದಲ್ಲಿ ಸಿಟ್ಟು ಬರಲಿ, ಬರಲಿ ಎಂದು ಗೆರೆಯಮ್ಮ ಮನಸ್ಸಿನಲ್ಲೇ ಬೇಡಿಕೊಂಡಳು. ಬರಲಿಲ್ಲ. ಅವಳ ಕಣ್ಣು ತುಂಬಿಕೊಂಡಿತು.

"ನಿಮ್ಮಪ್ಪ ಹೇಳಿದ್ರು, ನೀವು ಒಂದಿನ ಹೀಗೆ ಬರ್ತೀರಿ ಅಂತ" ಎಂದಳು. "ನನ್ನ ಮಗಳು ಬಂದು ತಪ್ಪು ತನ್ನದೇ ಅಂತಾಳೆ, ನಂಬಬೇಡ ತಾಯೀ, ಅವಳಿಗೆ ನನ್ನ ಕಂಡ್ರೆ ಅಷ್ಟು ಪ್ರೀತಿ ಅಂದ್ರು. ಆವತ್ತು ದಡದಲ್ಲಿ ಹೋಗೋ ಹೋಗೋ ಅಂತ ಕಳಿಸಿದ್ದೂ ತಾನೇ ಅಂತ ಇದೇ ಮಣೆ ಮೇಲೆ ಕೂತು ಅತ್ತರು. ನಾನು ಅವರನ್ನ ಯಾವತ್ತೋ ಕ್ಷಮಿಸ್ಬಿಟ್ಟೆ. ನೀವು ಯಾಕಮ್ಮ ಇಷ್ಟು ಒದ್ದಾಡ್ತೀರಾ?"

"ಇಲ್ಲ, ಅಪ್ಪ ಬೇಡ ಅಂತ ಹೇಳಿದ್ದ. ನಿಮ್ಮಾಣೆ, ಬೇಡ ಅಂದಿದ್ದ…"

"ಆಯ್ತು, ಆಯ್ತು." ಬಲೆಗಾರನ ಹೆಂಡತಿ ಎದ್ದು ಬಂದು ಅವಳ ತಲೆ ಸವರಿದಳು, ಮಗುವಿಗೆ ಸವರುವ ಹಾಗೆ. ಕೈ ಹಿಡಿದು ಅಪ್ಪನ ಮಣೆಯ ಮೇಲೆ ಕೂರಿಸಿದಳು. ಗೆರೆಯಮ್ಮ ಇನ್ನೊಮ್ಮೆ ಹೇಳಿದಳು, ಬಿಕ್ಕುತ್ತ ಮೂರನೆಯ ಸಲವೂ ಹೇಳಿದಳು. ಹೇಳಿದಷ್ಟೂ ಆ ಕೈ ಇನ್ನಷ್ಟು ಮೆತ್ತಗಾಯಿತು. ಕೊನೆಗೆ ಬಲೆಗಾರನ ಹೆಂಡತಿ ಒಳಗೆ ಹೋಗಿ ಒಂದು ಲೋಟ ಟೀ ಮಾಡಿ ತಂದಳು. ಸಕ್ಕರೆ ಒಂದು ಚಮಚ ಹೆಚ್ಚಾಗಿತ್ತು.

"ನಿಮ್ಮಪ್ಪಂಗೆ ಹೀಗೇ ಇಷ್ಟ" ಎಂದಳು. "ಕುಡೀರಿ."

ಗೆರೆಯಮ್ಮ ಕುಡಿದಳು.